ಮಡಚಿಟ್ಟ ಹನ್ನೊಂದು ಎಲೆ

"ಆಡು ಎಲ್ಲಿ ಮಾದಮ್ಮ?"

ಟೀ ಲೋಟ ಇಡಲು ಬಗ್ಗಿದ್ದ ಮಾದಮ್ಮ ಹಾಗೇ ನಿಂತುಬಿಟ್ಟಳು. ಹಿತ್ತಲಿನ ನುಗ್ಗೆಮರದ ಬುಡದಲ್ಲಿ ಎರಡು ಗೂಟ, ಎರಡು ಹಗ್ಗ. ಹಗ್ಗದ ತುದಿಯಲ್ಲಿ ಏನೂ ಇರಲಿಲ್ಲ. ಸುತ್ತ ಬಿದ್ದಿದ್ದ ಹಿಕ್ಕೆ ಒಣಗಿ ಪುಡಿಯಾಗಿತ್ತು.

"ಮಾರ್ಬುಟ್ಟೆ ಕನವ್ವ. ಸಂತೇಲಿ."

"ಹಗ್ಗ ಇಲ್ಲೇ ಬಿಟ್ಟು, ಆಡನ್ನ ಹೆಗಲ ಮೇಲೆ ಹೊತ್ಕೊಂಡು ಹೋದ್ಯಾ ಸಂತೆಗೆ?"

ಅವಳು ಲೋಟ ಕೆಳಗಿಟ್ಟಳು. ನಾನು ಟೀ ಎತ್ತಿಕೊಂಡೆ. ಸಕ್ಕರೆ ಕಾಯಿಲೆಯವಳು ನಾನು. ಇವಳು ಬೆಲ್ಲ ಸುರಿದಿದ್ದಳು. ಆದರೂ ಕುಡಿದೆ. ಕುಡಿಯುವುದನ್ನು ಅವಳು ನೋಡಲಿ ಎಂದೇ ಕುಡಿದೆ. ಅದೂ ಒಂದು ನಾಟಕವೇ, ಈಗ ಒಪ್ಪಿಕೊಳ್ಳುತ್ತೇನೆ.

ಇವಳ ಮಗ ರಾಜೇಂದ್ರ ಮೈಸೂರು ಜೈಲು ಸೇರಿ ಇಪ್ಪತ್ತಮೂರು ದಿನವಾಗಿತ್ತು. ನಂಜನಗೂಡಿನ ಹಳೇ ಸೇತುವೆಯಿಂದ ಹೊರಟು, ಇತಿಹಾಸ ಹೇಳುತ್ತಾ, ರಸಬಾಳೆಯಿಂದ ಹಿಡಿದು ಬೀದಿ ಬೀದಿಯ ತಿಂಡಿ ತಿನ್ನಿಸುತ್ತಾ, ನಡುವೆ ಬಸ್ಸು ಹತ್ತಿಸಿ, ಮಧ್ಯಾಹ್ನಕ್ಕೆ ತಿ. ನರಸೀಪುರದ ಸಂಗಮ ಮುಟ್ಟಿಸುವ ಭಾನುವಾರದ ನಡಿಗೆ ಅವನದು. ಕೊನೆಯ ಊಟ ಮಾತ್ರ ಸಂಗಮದಾಚೆಯ ಈ ಹಳ್ಳಿಯಲ್ಲಿ, ಅವನ ಅವ್ವನ ಕೈಯದು. ಆ ಊಟ ಉಂಡ ನಿವೃತ್ತ ಮೇಷ್ಟ್ರು ಮಹಾದೇವಸ್ವಾಮಿ ಮರುದಿನ ಸತ್ತರು. ಹೊಟ್ಟೆಯಲ್ಲಿ ಸಿಕ್ಕಿದ್ದು ಹೊಲಕ್ಕೆ ಹೊಡೆಯುವ ಔಷಧಿ.

ಪೊಲೀಸರ ಲೆಕ್ಕ ಬಹಳ ಸಲೀಸು. ಹನ್ನೆರಡು ಜನ ಒಂದೇ ಪಾತ್ರೆಯ ಊಟ ಉಂಡರು, ಸತ್ತವರು ಒಬ್ಬರು. ಹಾಗಾದರೆ ಆ ಒಬ್ಬರ ಎಲೆಗೆ ಬೇರೇನೋ ಬಿದ್ದಿದೆ. ಅವ್ವನ ಜತೆ ಬಡಿಸಿದವನು ರಾಜೇಂದ್ರ. ಅವನಿಗೂ ಮೇಷ್ಟ್ರಿಗೂ ಹಿಂದಿನ ತಿಂಗಳ ನಡಿಗೆಯಲ್ಲಿ ಎಲ್ಲರೆದುರೇ ಜಗಳವಾಗಿತ್ತು. ಜನ ಹಿಂದೆ ಬರಲೆಂದು ರಾಜೇಂದ್ರ ಕೋಲಿಗೆ ನೀಲಿ ಬಾವುಟ ಕಟ್ಟಿ ಎತ್ತಿ ಹಿಡಿಯುತ್ತಿದ್ದ. "ಇತಿಹಾಸಕ್ಕೆ ಬಣ್ಣ ಬಳೀಬೇಡ, ಇಳಿಸು ಅದನ್ನ" ಎಂದು ಮೇಷ್ಟ್ರು ಸೇತುವೆ ಮೇಲೆ ಕೂಗಾಡಿದ್ದರು. ಕೊಲೆಗೆ ಕಾರಣ ಬೇಕಲ್ಲ, ಸಿಕ್ಕಿತು.

ನಾಳೆ ಬೆಳಿಗ್ಗೆ ಹನ್ನೊಂದಕ್ಕೆ ಜಾಮೀನು ಅರ್ಜಿ. ಅದು ಬಿದ್ದುಹೋದರೆ ಹುಡುಗ ಹೊರಗೆ ಬರುವುದು ಯಾವ ಕಾಲಕ್ಕೋ. ಅವನ ತಂಗಿ ಕವನ ತಾಂಡ್ಯದ ಫ್ಯಾಕ್ಟರಿಯಲ್ಲಿ ಕೆಲಸ ಮಾಡುತ್ತಾ ನಂಜನಗೂಡಿನ ನಮ್ಮ ಬೀದಿಯಲ್ಲೇ ರೂಮು ಮಾಡಿದ್ದಾಳೆ. "ಸರ್ವಮಂಗಳಾ ಮೇಡಂ, ನೀವು ಎ.ಎಸ್.ಐ. ಆಗಿದ್ದೋರು, ನಮ್ಮಣ್ಣನ್ನ ಬಿಡಿಸ್ಕೊಡಿ" ಎಂದು ಕಾಲು ಹಿಡಿದವಳು ಅವಳೇ. ರಿಟೈರಾದ ಪೊಲೀಸು ಅಂದರೆ ಊರಿಗೆಲ್ಲ ಪುಕ್ಕಟೆ ಸಿಕ್ಕಿದಂತೆ.

ಫೋನು ತೆಗೆದೆ. ಆ ದಿನ ನಡಿಗೆಗೆ ಬಂದಿದ್ದ ಕಾಲೇಜು ಹುಡುಗಿ ಮೇಘನಾ ಕಳಿಸಿದ್ದ ಫೋಟೋಗಳಲ್ಲಿ ಒಂದು ಇದೇ ಜಗುಲಿಯದು. ಊಟ ಮುಗಿದು ಜನ ಎದ್ದಿದ್ದಾರೆ, ಎಲೆಗಳು ಸಾಲಾಗಿ ಉಳಿದಿವೆ. ಹನ್ನೊಂದು ಎಲೆ ಅಚ್ಚುಕಟ್ಟಾಗಿ ಮಡಚಿಕೊಂಡಿವೆ. ಕೊನೆಯದೊಂದು ಮಡಚದೆ ಹಾಗೇ ಬಿಟ್ಟಿದೆ, ಬಳಿದು ಉಂಡು ಖಾಲಿಯಾಗಿದೆ. ಈ ಫೋಟೋವನ್ನು ಇಪ್ಪತ್ತು ಸಲವಾದರೂ ನೋಡಿದ್ದೆ. ಎಷ್ಟು ಮರ್ಯಾದಸ್ತ ಜನ ಎಂದುಕೊಂಡಿದ್ದೆ, ಮುಟ್ಠಾಳಿ ನಾನು.

ಈಗ ಎರಡು ಖಾಲಿ ಹಗ್ಗ ನೋಡಿದ ಮೇಲೆ ಕಣ್ಣು ತೆರೆಯಿತು. ಮಡಚಿದ ಎಲೆಗಳೆಲ್ಲ ಉಬ್ಬಿಕೊಂಡಿದ್ದವು.

"ಮಾದಮ್ಮ, ಎಲೆ ಎತ್ತಿ ಎಲ್ಲಿಗೆ ಹಾಕ್ದೆ?"

ಅವಳು ಖಾಲಿ ಗೂಟದ ಕಡೆ ನೋಡಿದಳು.

"ಆಡಿಗೆ ಆಕ್ದೆ ಕನವ್ವ. ಒಂದ್ ತುತ್ತೂ ಮುಟ್ಟಿರ್ನಿಲ್ಲ ಯಾರೂವೆ. ಮುದ್ದೆ ಮುದ್ದೆ ಹಂಗೇ ಇತ್ತು, ಸಾರು ಸೊಪ್ಪು ಹಂಗೇ ಇತ್ತು. ಎತ್ತಿದ್ರೆ ಎಲೆ ಜೋಲ್ತಿತ್ತು." ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. "ನನ್ ಮಗ ಅಂಗಳದಲ್ಲಿ ಎಲ್ಲಾರ ಕೈಗೂ ನೀರು ಉಯ್ತಾ, ಊಟ ಎಂಗಿತ್ತು, ಊಟ ಎಂಗಿತ್ತು ಅಂತ ಕೇಳ್ತಾ ಅವ್ನೆ. ಎಲ್ಲಾರೂ ಸೂಪರ್ ಸೂಪರ್ ಅಂತಾವ್ರೆ. ನಾನ್ ಅವ್ನಿಗೆ ಎಂಗೇಳ್ಲಿ?"

"ಆಡು ಯಾವಾಗ ಸತ್ವು?"

"ರಾತ್ರಿಯೇ. ಎರಡೂವೆ. ರಾಜೇಂದ್ರನೇ ಗುಂಡಿ ತೋಡ್ದ."

ಅಂದರೆ ಅವನಿಗೂ ಗೊತ್ತು. ಜೈಲಿನಲ್ಲಿ ಮೂರು ಸಲ ಕೇಳಿದರೂ 'ನನಗೇನೂ ಗೊತ್ತಿಲ್ಲ ಮೇಡಂ' ಎಂದು ಗೋಡೆ ನೋಡಿದ್ದನಲ್ಲ, ಇದಕ್ಕೇ. ಊಟದಲ್ಲೇ ವಿಷವಿತ್ತು ಎಂದರೆ ಅಡುಗೆ ಮಾಡಿದವಳು ಅವ್ವ.

"ನೀವು ಮನೆಯವರು ಏನು ಉಂಡ್ರಿ?"

"ನೆನ್ನೆ ಸಾರು. ಬಂದೋರ್ಗೇ ಸಾಲ್ದೇನೋ ಅಂತ ಸೊಪ್ಪಿನ ಪಾತ್ರೆ ಬಳ್ದು ಬಡಿಸ್ಬುಟ್ಟಿದ್ದೊ."

"ಯಾವ ಸೊಪ್ಪು? ಎಲ್ಲಿಂದ ತಂದೆ?"

"ಬೆರಕೆ ಸೊಪ್ಪು. ಶನಿವಾರ ಸಾಯಂಕಾಲ ಬೆಟ್ಟಯ್ಯೋರ ಹೊಲದ ಬದಿನಲ್ಲಿ ಕಿತ್ಕೊಂಡ್ ಬಂದೆ. ನಮ್ಮತ್ತೆ ಕಾಲದಿಂದ ಕೀಳ್ತಿರೋ ಬದ ಅದು."

"ಔಷಧಿ ಹೊಡೆದಿದ್ರೆ?"

ಅವಳಿಗೆ ಸಿಟ್ಟೇ ಬಂತು. "ನಂಗೊತ್ತಾಗಲ್ವಾ? ಔಸ್ತಿ ಒಡುದ್ರೆ ಬದಿನ ಮೇಲೆ ಕಡ್ಡಿ ನೆಟ್ಟು ಕೆಂಪು ಬಟ್ಟೆ ಕಟ್ತಾರೆ. ಐದಾರು ವರ್ಷದಿಂದ ಅಂಗೇ ಮಾಡ್ಕೊಂಡ್ ಬಂದವ್ರೆ, ಸೊಪ್ಪು ಕೀಳೋರು ಯಾರೂ ಇಳೀಬಾರ್ದು ಅಂತವ. ಅವತ್ತು ಬಟ್ಟೆ ಇರ್ನಿಲ್ಲ. ನನ್ ಐಕ್ಳಾಣೆ, ಇರ್ನಿಲ್ಲ."

ಎದೆಯೊಳಗೆ ಸಣ್ಣದೊಂದು ದೀಪ ಹತ್ತಿತು. ಬೆಟ್ಟಯ್ಯ ಔಷಧಿ ಹೊಡೆದು ಬಟ್ಟೆ ಕಟ್ಟುವುದನ್ನು ಮರೆತಿದ್ದರೆ ಇದು ಕೊಲೆಯೇ ಅಲ್ಲ. ಬೆಟ್ಟಯ್ಯನ ಹೆಂಡತಿ ವೆಂಕಟಮ್ಮ ಆ ದಿನ ನಡಿಗೆಗೆ ಬಂದಿದ್ದಳು. ಮೇಘನಾ ಅವಳ ಮೊಮ್ಮಗಳೇ. ನಾನು ಉಣ್ಣಲಿಲ್ಲ, ಯಾರೂ ಉಣ್ಣಲಿಲ್ಲ, ಹೊಲಕ್ಕೆ ಔಷಧಿ ಹೊಡೆದಿದ್ದೆವು ಎಂದು ಆ ಯಮ್ಮ ಬರೆದುಕೊಟ್ಟರೆ ಸಾಕು. ಪೊಲೀಸರ ಲೆಕ್ಕ ಅಷ್ಟೂ ಕುಸಿಯುತ್ತದೆ.

ಆಟೋ ಹತ್ತಿದೆ.

* * *

ಬೆಟ್ಟಯ್ಯನ ಮನೆ ತಿ. ನರಸೀಪುರದ ಪೇಟೆಯೊಳಗೆ. ಬಾಗಿಲು ತೆಗೆದ ವೆಂಕಟಮ್ಮ ಕಣ್ಣು ಕಿರಿದು ಮಾಡಿದಳು.

"ಯಾರು? ಅತ್ರ ಬನ್ನಿ. ದೂರದ್ದು ಕಾಣ್ಸಲ್ಲ ನಂಗೆ, ಪೊರೆ ಬಂದದೆ."

ಹೆಸರು ಹೇಳಿದೆ. ಮುಖ ಬಿಗಿಯಿತು. ಆದರೂ ಒಳಗೆ ಕೂರಿಸಿದಳು. ಎಪ್ಪತ್ತು ದಾಟಿದ ಹಳೇ ಕಾಲದ ಹೆಂಗಸು, ಬಂದವರನ್ನು ಹೊಸಿಲಲ್ಲಿ ನಿಲ್ಲಿಸಿ ಅಭ್ಯಾಸವಿಲ್ಲ. ಬೆಟ್ಟಯ್ಯ ಹಾಲಿನ ಡೈರಿಗೆ ಹೋಗಿದ್ದನಂತೆ, ಒಳ್ಳೆಯದೇ ಆಯಿತು.

"ಉಂಡೆ ಅಂತ ಪೊಲೀಸ್ನೋರ್ಗೆ ಏಳಿ ಸೈನ್ ಆಕಿದೀನಿ. ಇನ್ನೇನಮ್ಮ?"

ಫೋಟೋ ದೊಡ್ಡದು ಮಾಡಿ ಕೈಗೆ ಕೊಟ್ಟೆ.

"ಉಂಡ ಎಲೆ ಮಡಚಿದ್ರೆ ಚಪ್ಪಟೆಯಾಗಿ ಕೂರ್ತದೆ ವೆಂಕಟಮ್ಮೋರೆ. ಇದರೊಳಗೆ ಇಡೀ ಮುದ್ದೆ ಇದೆ. ನೀವು ಉಣ್ಣಲಿಲ್ಲ. ನಿಮ್ಮ ಸಾಲಲ್ಲಿ ಯಾರೂ ಉಣ್ಣಲಿಲ್ಲ."

ಹೇಳುತ್ತಿದ್ದಂತೆ ನನ್ನ ನಾಲಿಗೆಯೇ ನನಗೆ ಚುಚ್ಚಿತು. ಮಾದಮ್ಮನಿಗೆ ಬೆಳಿಗ್ಗೆಯಿಂದ ನೀನು, ಇವಳಿಗೆ ನೀವು. ಇಬ್ಬರಿಗೂ ವಯಸ್ಸಿನಲ್ಲಿ ನಾಲ್ಕೈದು ವರ್ಷದ ವ್ಯತ್ಯಾಸ. ಮೂವತ್ತಾರು ವರ್ಷ ಕಾನೂನು ಹೇಳಿಕೊಂಡು ತಿರುಗಿದ ನಾಲಿಗೆ ಇದು. ಥತ್.

"ನಾನ್ ಉಣ್ನಿಲ್ಲ ಅಂತ ಬರ್ಕೊಡ್ಬೇಕಾ?" ವೆಂಕಟಮ್ಮ ಫೋನು ವಾಪಸು ಚಾಚಿದಳು. "ಬರ್ಕೊಟ್ರೆ ಅಟ್ರಾಸಿಟಿ ಕೇಸು. ನಾಳೆ ಪೇಪರಲ್ಲಿ ನಮ್ಮನೆ ಎಸ್ರು. ಮೇಘನಾಗೆ ಗಂಡು ನೋಡ್ತಾವ್ರೆ."

"ಅಲ್ಲಿ ಒಬ್ಬ ಹುಡುಗ ಜೈಲಲ್ಲಿದಾನೆ."

"ನಾನೇನ್ ಆಕ್ಸಿದ್ನಾ?"

ನನಗೆ ಮೈಯೆಲ್ಲ ಉರಿದುಹೋಯಿತು. "ನೋಡಿ ತಾಯಿ, ಉಣ್ಣಕ್ಕಾಗದೇ ಇದ್ರೆ ಆ ಮನೆಗೆ ಯಾಕೆ ಹೋದ್ರಿ? ಗುಂಜಾ ನರಸಿಂಹನ ದೇವಸ್ಥಾನ ನೋಡಿ, ಮಾರ್ಕೆಟ್ಟಲ್ಲಿ ಬೋಂಡ ತಿಂದು ಮನೆಗೆ ಬರಬೇಕಿತ್ತು. ಎಲೆ ಮುಂದೆ ಕೂತು, ಬಡಿಸಿಕೊಂಡು, ಸೂಪರ್ ಅಂತ ಸುಳ್ಳು ಹೇಳಿ ಎದ್ದು ಬಂದ್ರಲ್ಲ, ಜಾತಿ ಅಷ್ಟು ದೊಡ್ಡದಾ?"

"ಜಾತಿ ಅಲ್ಲ!"

ಕೂಗಿಯೇಬಿಟ್ಟಳು. ಕೂಗಿದ ಮೇಲೆ ಅವಳಿಗೇ ಗಾಬರಿಯಾಗಿ ಬಾಗಿಲ ಕಡೆ ನೋಡಿದಳು. ಆಮೇಲೆ ಮೆಲ್ಲಗೆ ಶುರು ಮಾಡಿದಳು.

"ನಾನ್ ಉಣ್ಣಕ್ಕೇ ಓಗಿದ್ದು ಕಣಮ್ಮ. ಮೇಘನಾ ಆಣೆ ಇಟ್ಟು ಕರ್ಕೊಂಡೋಗಿದ್ಲು. ನನ್ ತಲೆಗೆ ಮುಗೀಲಿ ಇದು ಅಂತ ನಾನೂ ಮನ್ಸು ಗಟ್ಟಿ ಮಾಡ್ಕೊಂಡಿದ್ದೆ. ಮಾದಮ್ಮ ಬಡಿಸ್ತಾ ಬಂದ್ಲು. ಸೊಪ್ಪು ಎಷ್ಟು ಎಳೇದಾಗದಲ್ಲ, ಎಲ್ಲೀದು ಅಂದೆ. ಅವ್ಳು ಸಂತೋಸವಾಗಿ, ನಿಮ್ ಬದಿಂದೇ ಕನವ್ವ ಅಂದ್ಲು."

"ಔಷಧಿ ಹೊಡೆದಿದ್ರಿ."

"ಶುಕ್ರವಾರ ಒಡ್ದಿದ್ರು ನಮ್ಮೆಜಮಾನ್ರು. ಹುಳ ಜಾಸ್ತಿ ಅಂತ ಎಲ್ಲಿಂದ್ಲೋ ಗಟ್ಟಿ ಔಷ್ದಿ ತಂದು ಬದೀಗೂ ಸೇರ್ಸಿ ಒಡ್ದವ್ರೆ. ನನ್ ಕೈ ತಣ್ಣಗಾಗೋಯ್ತು."

"ಹಾಗಿದ್ರೆ ಎದ್ದು ನಿಂತು ಹೇಳಬೇಕಿತ್ತಲ್ಲ, ಯಾರೂ ಉಣ್ಣಬೇಡಿ ಅಂತ!"

ವೆಂಕಟಮ್ಮ ನನ್ನನ್ನೇ ನೋಡಿದಳು. ಆ ನೋಟದಲ್ಲಿ ಸುಳ್ಳಿರಲಿಲ್ಲ.

"ಎಂಗಮ್ಮ ಏಳ್ಲಿ? ಅವತ್ತೇ ಮೊದ್ಲು ಅವರ ಮನೇಲಿ ಕೂತಿದ್ದು. ಬೆಟ್ಟಯ್ಯನ ಎಂಡ್ತಿ ಎದ್ದು ನಿಂತು, ಊಟದಲ್ಲಿ ವಿಷ ಅದೆ ಅಂದ್ರೆ ಯಾರು ನಂಬ್ತಾರೆ? ಉಣ್ಣಕ್ಕಾಗ್ದೆ ನೆಪ ಏಳ್ತಾವ್ಳೆ ಅಂತಿದ್ರು. ಮಾದಮ್ಮನೇ ಅಂತಿದ್ಲು. ನಮ್ ಬದಿಗೆ ಕದ್ದು ಇಳುದ್ಲು ಅಂತ ನಾನು ಅಂದಂಗೂ ಆಗ್ತಿತ್ತು. ಅದಕ್ಕೆ ಪಕ್ಕದೋಳ ಕಿವೀಲಿ ಏಳ್ದೆ, ಉಣ್ಬೇಡಿ, ಪಕ್ಕದೋರ್ಗೂ ಏಳಿ ಅಂತ. ಯಾಕೆ ಅಂತ ಒಬ್ರೂ ಕೇಳ್ನಿಲ್ಲ. ಕೇಳಿದ್ರೆ ಏಳ್ತಿದ್ದೆ. ಎಲ್ಲಾರೂ ಸುಮ್ಕೆ ಎಲೆ ಮಡಚುದ್ರು."

ಯಾಕೆ ಎಂದು ಕೇಳುವ ಅಗತ್ಯವೇ ಯಾರಿಗೂ ಬೀಳಲಿಲ್ಲ. ಕಾರಣ ಎಲ್ಲರ ಬಳಿಯೂ ಮೊದಲೇ ಇತ್ತು.

"ಮೇಷ್ಟ್ರು?"

"ಕೊನೇಲಿ ಕೂತಿದ್ರು. ಅವರ ಪಕ್ಕ ನಾನೇ ಓಗಿ, ನೀರು ಕೇಳೋ ನೆಪದಲ್ಲಿ ಬಗ್ಗಿ, ಉಣ್ಬೇಡಿ ಸ್ವಾಮಿ ಅಂದೆ." ವೆಂಕಟಮ್ಮನ ದನಿ ಒಡೆಯಿತು. "ನನ್ನ ಕೆಕ್ಕರಿಸ್ಕೊಂಡು ನೋಡುದ್ರು ಕಣಮ್ಮ. ಓದ ತಿಂಗ್ಳು ಆ ಹುಡುಗನ ಬಾವುಟ ಇಳಿಸ್ದ ಪಾಪಿ ನಾನು, ಅವನು ಒಂದ್ ಮಾತಾಡ್ದೆ ಬಣ್ಣ ಬದಲಾಯಿಸ್ಕೊಂಡು ಬಂದವ್ನೆ, ಇವತ್ತು ಊಟಾನೂ ಬಿಟ್ಟು ಏಳ್ಲಾ, ನಾಚ್ಕೆ ಆಗಲ್ವಾ ನಿಮ್ಗೆ ಅಂದ್ರು. ಅಂದು, ಮಾದಮ್ಮ ಇನ್ನೊಂಚೂರು ಸೊಪ್ಪು ತಾ ತಾಯಿ ಅಂತ ಕೂಗುದ್ರು. ಮೂರ್ ಸಲ ಆಕಿಸ್ಕೊಂಡ್ರು."

ಹನ್ನೊಂದು ಜನ ಉಂಡ ಹಾಗೆ ನಟಿಸಿ ಬದುಕಿದ್ದಾರೆ. ನಿಜವಾಗಿ ಉಂಡವರು ಅವರೊಬ್ಬರೇ. ಹಟಕ್ಕೆ, ಪ್ರಾಯಶ್ಚಿತ್ತಕ್ಕೆ, ಎಲೆ ಬಳಿದು ಉಂಡರು. ಅಂಥ ಮನುಷ್ಯನನ್ನು ವೈರಿ ಎಂದು ರಾಜೇಂದ್ರ ಕೊಂದ ಎಂದು ಕೇಸು ಬರೆದಿದ್ದಾರೆ.

"ಸಾಯಂಕಾಲ ಬಸ್ಸಲ್ಲೇ ಅವರಿಗೆ ವಾಂತಿ ಶುರುವಾಯ್ತು. ನಡಿಗೆಯವರ ವಾಟ್ಸಾಪ್ ಗುಂಪಲ್ಲಿ ಬಂತು. ನೀವು ಆಗಲಾದ್ರೂ ಆಸ್ಪತ್ರೆಗೆ ಒಂದು ಫೋನು ಮಾಡಲಿಲ್ಲ." ನನ್ನ ದನಿ ನನ್ನ ಹಿಡಿತದಲ್ಲಿರಲಿಲ್ಲ. "ನಾನು ಡಾಕ್ಟರನ್ನ ಕೇಳಿದೀನಿ ವೆಂಕಟಮ್ಮೋರೆ. ಯಾವ ವಿಷ ಅಂತ ಸೋಮವಾರ ಬೆಳಿಗ್ಗೆ ಗೊತ್ತಾಗಿದ್ರೂ ಉಳಿಸ್ತಿದ್ವಿ ಅಂದ್ರು. ಆ ಮನುಷ್ಯ ಸಾಯಂಕಾಲದವರೆಗೆ ಒದ್ದಾಡಿದಾನೆ. ಗೊತ್ತಿದ್ದೂ ಬಾಯಿ ಮುಚ್ಚಿಕೊಂಡು ಕೂತವರು ಕೊಂದಂಗೇ."

"ನಮ್ಮೆಜಮಾನ್ರು ಸುಮ್ಕಿರು ಅಂದ್ರು."

"ಅವರು ಅಂತಾರೆ! ಔಷಧಿ ಹೊಡೆದು ಬಟ್ಟೆ ಕಟ್ಟದೇ ಬಂದೋರು ಅವರೇ ಅಲ್ವಾ?"

ವೆಂಕಟಮ್ಮ ತಲೆ ಎತ್ತಿದಳು. ಎದ್ದು ಒಳಗೆ ಹೋದಳು. ಬೀರು ತೆಗೆದ ಸದ್ದಾಯಿತು. ಬರುವಾಗ ಕೈಯಲ್ಲಿ ಒಂದು ಹಳೇ ಸೀರೆಯಿತ್ತು. ಕುಂಕುಮ ಕೆಂಪು, ಬೆರಳಗಲ ಹಸಿರು ಅಂಚು, ಅಂಚಿನಲ್ಲಿ ಸಣ್ಣ ಸಣ್ಣ ಹಳದಿ ಮಾವಿನಕಾಯಿ. ಸೆರಗಿನ ಕಡೆ ಒಂದು ಮೊಳ ಹರಿದಿತ್ತು.

"ನನ್ ಕೈಯಾರ ಅರ್ದುಕೊಟ್ಟೆ. ಶುಕ್ರವಾರ ಅವರ್ ಜತೇಲಿ ನಾನೂ ಓಗಿದ್ದೆ. ಕಡ್ಡಿ ನೆಟ್ಟು, ಮೂರು ಗಂಟಾಕಿ, ನನ್ ಮುಂದೇನೇ ಕಟ್ಟುದ್ರು. ದೇವ್ರಾಣೆಗೂ ಕಟ್ಟುದ್ರು. ಬಟ್ಟೆ ನೋಡೀನೂ ಮಾದಮ್ಮ ಇಳ್ದವ್ಳೆ. ಬೇಕಾದ್ರೆ ಅದನ್ನ ಬರ್ಕೊಡ್ತೀನಿ. ಬರ್ಕೊಡ್ಲಾ?"

ಬರೆದುಕೊಟ್ಟರೆ ಮಗ ಹೊರಗೆ, ತಾಯಿ ಒಳಗೆ. ಬರೆದುಕೊಡದಿದ್ದರೆ ತಾಯಿ ಹೊರಗೆ, ಮಗ ಒಳಗೆ.

ಸೀರೆಯ ಅಂಚಿನದೊಂದು ಫೋಟೋ ತೆಗೆದುಕೊಂಡು, ನಾಳೆ ಬೆಳಿಗ್ಗೆ ಬರುತ್ತೇನೆ ಎಂದು ಎದ್ದುಬಂದೆ. ಕಾಫಿ ಮಾಡ್ತೀನಿ ಕೂತ್ಕಳಿ ಎಂದಳು. ಬೇಡ ಎಂದೆ. ಆ ಕ್ಷಣಕ್ಕೆ ಆ ಮನೆಯಲ್ಲಿ ಕಾಫಿ ಇಳಿಯುತ್ತಿರಲಿಲ್ಲ.

* * *

ತಿ. ನರಸೀಪುರದ ಬಸ್ ಸ್ಟ್ಯಾಂಡು. ಮಧ್ಯಾಹ್ನ ಮೂರೂವರೆ ಬಿಸಿಲು. ನಂಜನಗೂಡಿನ ಬಸ್ಸು ಈಗ ತಾನೇ ಹೋಯಿತು ಎಂದು ಕಡಲೆಕಾಯಿ ಮಾರುವವನು ಖುಷಿಯಿಂದ ಹೇಳಿದ. ಕಲ್ಲುಬೆಂಚಿನ ಮೇಲೆ ಕೂತೆ.

ಇಬ್ಬರಲ್ಲಿ ಒಬ್ಬಳು ಸುಳ್ಳು ಹೇಳುತ್ತಿರಬೇಕು. ಆದರೆ ಇಬ್ಬರ ಮುಖವನ್ನೂ ನಾನು ಹತ್ತಿರದಿಂದ ನೋಡಿದ್ದೆ. ಮಕ್ಕಳ ಮೇಲೆ ಆಣೆ ಇಟ್ಟ ಮಾದಮ್ಮ ಸುಳ್ಳು ಹೇಳಿರಲಿಲ್ಲ. ಹರಿದ ಸೀರೆ ತಂದು ತೋರಿಸಿದ ವೆಂಕಟಮ್ಮನೂ ಹೇಳಿರಲಿಲ್ಲ. ಶುಕ್ರವಾರ ಬಟ್ಟೆ ಇತ್ತು. ಶನಿವಾರ ಸಾಯಂಕಾಲ ಇರಲಿಲ್ಲ. ಹಾಗಾದರೆ ನಡುವೆ ಯಾರೋ ಬಿಚ್ಚಿದ್ದಾರೆ.

ಆ ಯಾರೋ ಒಬ್ಬ ಸಿಕ್ಕಿದರೆ ಸಾಕಿತ್ತು. ತಾಯಿಯೂ ಉಳಿಯುತ್ತಿದ್ದಳು, ಮಗನೂ ಉಳಿಯುತ್ತಿದ್ದ. ದೇವರೇ, ಯಾರಾದರೂ ಕಳ್ಳನಾಗಿರಲಿ, ಕುಡುಕನಾಗಿರಲಿ ಎಂದು ಬೇಡಿಕೊಂಡೆ.

ಬೇಜಾರಿಗೆ ಮೇಘನಾಳ ಫೋಟೋಗಳನ್ನು ಮೊದಲಿಂದ ನೋಡತೊಡಗಿದೆ. ಹಳೇ ಸೇತುವೆ, ಕಬಿನಿ ನೀರು. ಅಂಗೈಯಲ್ಲಿ ರಸಬಾಳೆ ಹಿಡಿದು ವಾಸನೆ ನೋಡುತ್ತಿರುವ ಮಹಾದೇವಸ್ವಾಮಿ. ನಂಜನಗೂಡಿನ ರಥಬೀದಿಯಲ್ಲಿ ಪುರಿ ಮುಕ್ಕುತ್ತಿರುವ ಜನ. ಎಲ್ಲರಿಗಿಂತ ಹಿಂದೆ, ಮಂಡಿ ಹಿಡಿದುಕೊಂಡು, ಬೆನ್ನುಗಳನ್ನಷ್ಟೇ ನೋಡುತ್ತಾ ಬರುತ್ತಿರುವ ವೆಂಕಟಮ್ಮ. ಆಮೇಲೆ ಸಂಗಮದ ಮೆಟ್ಟಿಲು. ಮೆಟ್ಟಿಲ ತುದಿಯಲ್ಲಿ ನಿಂತು ನಗುತ್ತಿರುವ ರಾಜೇಂದ್ರ. ಎತ್ತಿ ಹಿಡಿದ ಕೋಲು. ಕೋಲಿನ ತುದಿಯಲ್ಲಿ ಬಾವುಟ.

ಬಾವುಟ ನೀಲಿಯಲ್ಲ. ಕೆಂಪು.

ಎರಡು ಬೆರಳಿಟ್ಟು ಫೋಟೋ ಹಿಗ್ಗಿಸಿದೆ. ಹಸಿರು ಅಂಚು. ಅಂಚಿನಲ್ಲಿ ಸಣ್ಣ ಸಣ್ಣ ಹಳದಿ ಮಾವಿನಕಾಯಿ.

ಅಯ್ಯೋ ನನ್ನ ಕಂದಾ.

ಏಳನೇ ವಯಸ್ಸಿಗೇ ಹಾಸ್ಟೆಲು ಸೇರಿ, ಊರಿಗೆ ರಜೆಗೆ ಮಾತ್ರ ಬಂದ ಹುಡುಗ. ಸಾವಿರ ವರ್ಷದ ಶಾಸನ ಗಡಗಡ ಓದುತ್ತಾನೆ. ಐದು ವರ್ಷದ ಈಚೆಗೆ ತನ್ನೂರಿನ ಬದುವಿನ ಮೇಲೆ ಕೆಂಪು ಬಟ್ಟೆ ಯಾಕೆ ಕಟ್ಟುತ್ತಾರೆ ಎಂದು ಅವನಿಗೆ ಯಾರು ಹೇಳಿದ್ದರು? ನೀಲಿ ಬೇಡ ಎಂದರು. ದಾರಿಯಲ್ಲಿ ಒಂದು ಬಟ್ಟೆ ಸಿಕ್ಕಿತು, ಬಿಚ್ಚಿಕೊಂಡ.

ಅಷ್ಟರಲ್ಲಿ ಫೋನು ಬಂತು. ಕವನ. ಹಿಂದೆ ಫ್ಯಾಕ್ಟರಿ ಮೆಷಿನ್ನಿನ ಸದ್ದು.

"ಮೇಡಂ, ಬ್ರೇಕಲ್ಲಿ ಮಾಡ್ತಿದೀನಿ. ಲಾಯರು ಕೇಳ್ತಾವ್ರೆ, ಏನಾದ್ರೂ ಸಿಕ್ತಾ?"

"ಕವನ, ನಿಮ್ಮಣ್ಣನ ಹೊಸ ಬಾವುಟ ಎಲ್ಲಿಂದ ತಂದ?"

"ಕೆಂಪುದಾ? ಅವತ್ತು ರಜಾ ಆಕಿ ನಾನೂ ಊರಲ್ಲೇ ಇದ್ದೆ. ಶನಿವಾರ ಮಧ್ಯಾಹ್ನ ಊರಿಗೆ ನಡ್ಕೊಂಡ್ ಬರ್ತಾ ದಾರೀಲಿ ಸಿಕ್ತು ಅಂತ ತಂದ. ಒಗ್ದು ಒಣಗಾಕಿ ಕೋಲಿಗೆ ಕಟ್ಕೊಂಡ. ಯಾಕೆ ಮೇಡಂ?"

"ಅದು ಈಗ ಎಲ್ಲಿದೆ? ಪೊಲೀಸ್ನೋರು ತಗೊಂಡು ಹೋದ್ರಾ?"

"ಇಲ್ಲ. ಅವ್ವ ಒಲೆಗಾಕ್ಬುಟ್ಲು. ಆಡು ಸತ್ತಿದ್ವಲ್ಲ, ಬೆಳಿಗ್ಗೆ ಎದ್ದು ಬೆಟ್ಟಯ್ಯೋರ ಹೊಲದ ಕಡೆ ಓಗಿ ಬಂದ್ಲು. ಬಂದೋಳೆ ಕೋಲಿಂದ ಬಟ್ಟೆ ಕಿತ್ತು ಉರಿಯೋ ಒಲೆಗೆ ತುರುಕುದ್ಲು. ಯಾಕವ್ವ ಅಂದ್ರೆ, ಗಲೀಜಾಗದೆ ಸುಮ್ಕಿರು ಅಂದ್ಲು."

"ಯಾವತ್ತು ಬೆಳಿಗ್ಗೆ?"

"ಸೋಮವಾರ ಮೇಡಂ. ಮೇಷ್ಟ್ರು ಐ.ಸಿ.ಯು.ನಲ್ಲವ್ರೆ, ಊಟಕ್ಕೇನು ಆಕಿದ್ರಿ ಅಂತ ಆಸ್ಪತ್ರೆಯಿಂದ ಫೋನ್ ಬಂತಲ್ಲ, ಅದು ಬಂದು ಸ್ವಲ್ಪ ಹೊತ್ತಿಗೆ. ಅವ್ವನೇ ಮಾತಾಡಿದ್ಲು. ಏನೂ ಆಕಿಲ್ಲ ಅಂತ ಏಳಿ ಇಟ್ಬುಟ್ಲು."